ಹಬೆ ಮಾಸ್ಟರು

ಹಬೆಯಾಡುವ ತಟ್ಟೆಯನ್ನು ಮುಂದಿಟ್ಟರೆ ಮಾಸ್ಟರು ಮುಖ ತಿರುಗಿಸಿಬಿಡುತ್ತಿದ್ದರು. ಊಟ ಪೂರ್ತಿ ತಣ್ಣಗಾಗಿ, ಬಡಿಸಿದವರ ಸಿಟ್ಟು ಬಿಸಿಯಾದ ಮೇಲೆಯೇ ಮೊದಲ ತುತ್ತು. ನಿಮಗೆ ಬಡಿಸುವುದೂ ಒಂದೇ, ಫ್ರಿಜ್ಜಿಗೆ ಬಡಿಸುವುದೂ ಒಂದೇ ಎಂದು ಹೆಂಡತಿ ಹಂಗಿಸಿದರೆ, ಹಬೆ ಕಂಡರೆ ಕೆಲಸ ನೆನಪಾಗುತ್ತದೆ ಎಂದು ಗೊಣಗುತ್ತಿದ್ದರು.

ಕೆಲಸವೆಂದರೆ ಊಟ-ತಿಂಡಿಯ ಸಾಕ್ಷ್ಯಚಿತ್ರಗಳಿಗೆ ಸಂಗೀತ ಕೊಡುವುದು. ಯೌವನದಲ್ಲಿ ಮಹಾ ವಾದ್ಯವೃಂದದ ಕನಸು ಕಂಡಿದ್ದ ಮನುಷ್ಯ ಅರ್ಧ ಆಯುಷ್ಯವನ್ನು ಪರದೆಯ ಮೇಲೆ ಕುದಿಯುವ ಪಾತ್ರೆಗಳೆದುರು ಸವೆಸಿದರು. ಆ ಕಸುಬಿಗೂ ಅದರದೇ ಶಾಸ್ತ್ರವುಂಟು: ಹಬೆಗೆ ಕೊಳಲು, ಚಾಕುವಿಗೆ ತಬಲಾ, ಮುದುಕಿಯ ಸುಕ್ಕುಗಟ್ಟಿದ ಕೈಗೆ ಸಾರಂಗಿ. ನೋಡುವವನಿಗೆ ಹಸಿವಾಗಬೇಕೇ ಹೊರತು ನಾಚಿಕೆಯಾಗಕೂಡದು. ಜಿಪ್ಪು ಕೆಟ್ಟ ಬೂದು ಜರ್ಕಿನ್ನು ತೊಟ್ಟು, ಎಡಭುಜ ಇಳಿಬಿಟ್ಟು ಸ್ಟುಡಿಯೋದ ಮೆಟ್ಟಿಲೇರುತ್ತಿದ್ದ ಈ ‘ಹಬೆ ಮಾಸ್ಟರು’ ಯಾರು ಏನು ಹೇಳಿದರೂ ‘ಆಯ್ತು ಬಿಡಿ’ ಎನ್ನುತ್ತಿದ್ದರು. ಸುಸ್ತಾದವನಿಗೆ ಅಷ್ಟು ಅನುಕೂಲದ ಮಾತು ಬೇರೊಂದಿಲ್ಲ.

ಒಂದು ಹಟ ಮಾತ್ರ ಬಿಟ್ಟಿರಲಿಲ್ಲ. ಯಾವ ಚಿತ್ರವನ್ನಾದರೂ ಮೊದಲ ಸಲ ಕಣ್ಣು ಮುಚ್ಚಿಕೊಂಡೇ ಕೇಳಬೇಕು. ಅಡುಗೆಮನೆಯ ಸದ್ದಿನೊಳಗೇ ಶ್ರುತಿ ಅಡಗಿರುತ್ತದೆ ಎಂಬುದು ಅವರ ನಂಬಿಕೆ. ಹಾಗೆ ಒಂದು ಬೇಕರಿಯ ಚಿತ್ರ ಕೇಳುತ್ತಿದ್ದಾಗ ಅವರಿಗೆ ಸಿಕ್ಕಿದ್ದು ಶ್ರುತಿಯಲ್ಲ, ಕೆಮ್ಮು. ಕಣ್ಣು ತೆರೆದರೆ, ಕಿಟಕಿಯ ಬೆಳಕಿನಲ್ಲಿ ಹಿಟ್ಟಿನ ಧೂಳು ಮಂಜಿನಂತೆ ತೇಲುತ್ತಿದೆ. ಆ ಸೊಬಗಿನ ನಡುವೆ ಜರಡಿ ಹಿಡಿದು ನಿಂತ ಹೆಂಗಸು, ಉಸಿರು ಸಿಗದೆ ತನ್ನ ಮಾತನ್ನು ಮುಗಿಸಲಾರದೆ ಕೆಮ್ಮುತ್ತಿದ್ದಾಳೆ. ವರ್ಷಾನುಗಟ್ಟಲೆ ಹಿಟ್ಟು ಕುಡಿದ ಎದೆ ಅದು.

ಆ ಜಾಗಕ್ಕೆ ಕೊಳಲು ತುಂಬಿ ಕೆಮ್ಮು ಮುಚ್ಚಿಬಿಡಿ ಎಂದು ನಿರ್ದೇಶಕ ಹೇಳಿದ. ಇಂಥವೆಷ್ಟನ್ನೋ ಮುಚ್ಚಿದ್ದ ಕೈ ಅಂದು ಏಳಲಿಲ್ಲ. ಅಲ್ಲಿ ಸಂಗೀತವೇ ಬೇಡ ಎಂದರು.

“ಜನ ಅರ್ಧಕ್ಕೇ ಎದ್ದು ಹೋಗ್ತಾರೆ ಮಾಸ್ಟ್ರೇ.”

“ಹೋಗ್ಲಿ ಬಿಡಪ್ಪಾ. ಪಾಪ, ಅವಳಿಗೆ ಎದ್ದು ಹೋಗೋಕೆ ಆಗ್ತಿಲ್ವಲ್ಲ.”

ನಿರ್ದೇಶಕ ವಾದಿಸಲಿಲ್ಲ. ಅದು ಒಪ್ಪಿಗೆಯೆಂದುಕೊಂಡು ಮಾಸ್ಟರು ಹಗುರಾಗಿ ಮನೆಗೆ ಬಂದರು.

ಚಿತ್ರ ಟೀವಿಯಲ್ಲಿ ಬಂದ ಸಂಜೆ ಗಂಡಹೆಂಡಿರಿಬ್ಬರೂ ಕೂತು ನೋಡಿದರು. ಬೇಕರಿ ಬಂತು, ಬೆಳಕು ಬಂತು, ಆ ಹೆಂಗಸು ಬಾಯಿ ತೆರೆದಳು. ಅಷ್ಟರಲ್ಲಿ ಇಂಪಾದ ಕೊಳಲೊಂದು ತೇಲಿಬಂದು ಅವಳ ಕೆಮ್ಮನ್ನು ನುಂಗಿ ನೀರು ಕುಡಿಯಿತು.

“ಇದು ನಿಮ್ದೇ ಅಲ್ವಾ? ಆ ಜೇನಿನ ಚಿತ್ರಕ್ಕೆ ಮಾಡಿದ್ದು?” ಎಂದರು ಹೆಂಡತಿ.

“ನಂದೇ,” ಎಂದರು ಮಾಸ್ಟರು. ನಿರ್ದೇಶಕ ಅದನ್ನು ಹಳೆಯ ದಾಸ್ತಾನಿನಿಂದ ತೆಗೆದು ಅಂಟಿಸಿದ್ದ. ಸಂಗೀತದ ಹಕ್ಕು ಬರೆದುಕೊಟ್ಟ ಮೇಲೆ ಮಾಸ್ಟರನ್ನು ಕೇಳುವವರಾರು?

ಮಾಸ್ಟರಂಥವರು ಕೆಟ್ಟವರಲ್ಲ, ದಣಿದವರು. ನಮ್ಮ ಊಟದ ರುಚಿ ಕೆಡದಂತೆ ಕಾಯಲು ನಾವೇ ನೇಮಿಸಿಕೊಂಡವರು. ಎಂದೋ ಒಂದು ದಿನ ಅವರು ಬೆನ್ನು ನೆಟ್ಟಗೆ ಮಾಡಿ ‘ಇಲ್ಲ’ ಎನ್ನುತ್ತಾರೆ, ನಿಜ. ಆದರೆ ಆ ಹೊತ್ತಿಗೆ ಅವರ ಹಳೆಯ ಒಪ್ಪಿಗೆಗಳು ಅವರ ಹಂಗಿಲ್ಲದೆ ದುಡಿಯುವುದನ್ನು ಕಲಿತಿರುತ್ತವೆ.