ಬಲಗಾಲಿನ ಕೊನೆಯ ಸುತ್ತು

ನನ್ನ ಗಂಡ ದಿಲ್‌ಮುರಾದ್ ನಿದ್ದೆಯಲ್ಲಿ ಫುಟ್‌ಬಾಲ್ ಆಡುತ್ತಿದ್ದ. ಮದುವೆಯಾಗಿ ನಲವತ್ತೊಂದು ವರ್ಷ, ಮಧ್ಯಾಹ್ನ ಊಟ ಮುಗಿಸಿ ಕಣ್ಣು ಮುಚ್ಚಿದನೆಂದರೆ ಸಾಕು, ಬಲಗಾಲು ಮೆಲ್ಲಗೆ ಹಿಂದಕ್ಕೆ ಹೋಗಿ ರಪ್ಪನೆ ಮುಂದಕ್ಕೆ ಬರುತ್ತಿತ್ತು. ನನ್ನ ಮೊಣಕಾಲಿನ ಕೆಳಗೆ ಯಾವಾಗಲೂ ಒಂದು ನೀಲಿ ಕಲೆ. ದೇಶದ ತಂಡದವರು ಇವನನ್ನು ಬಿಟ್ಟರು, ಇವನು ನನ್ನನ್ನು ಮಾತ್ರ ಬಿಡಲಿಲ್ಲ ಎಂದು ಅಕ್ಕಪಕ್ಕದ ಹೆಂಗಸರಿಗೆ ದೂರು ಹೇಳುತ್ತಿದ್ದೆ.

ಏಳು ವರ್ಷ ಪಾಕಿಸ್ತಾನಕ್ಕೆ ಆಡಿದವನು. ನಮ್ಮ ಲ್ಯಾರಿ ಬಡಾವಣೆಯ ಈ ಮಣ್ಣಿನಲ್ಲಿ ಬರಿಗಾಲಲ್ಲಿ ಶುರು ಮಾಡಿ ಕೌಲಾಲಂಪುರದ ಹುಲ್ಲಿನವರೆಗೂ ಹೋಗಿಬಂದ. ಆಗ ದೇಶದ ತಂಡದವರು ಕೊಟ್ಟ ಹಸಿರು ಕೋಟನ್ನು ನಮ್ಮ ಗಲ್ಲಿಯ ಅರ್ಧಕ್ಕರ್ಧ ಮದುಮಗಂದಿರು ಎರವಲು ಪಡೆದು ತೊಟ್ಟಿದ್ದಾರೆ. ಆಟ ನೋಡಿ ಒಂದು ಇಲಾಖೆಯವರು ಗುಮಾಸ್ತನ ಕೆಲಸ ಕೊಟ್ಟರು. ಹಾಜರಿ ಹಾಕುವುದಕ್ಕಲ್ಲದೆ ಇನ್ಯಾವುದಕ್ಕೂ ಅವನು ಅಲ್ಲಿ ಪೆನ್ನು ಹಿಡಿಯಲಿಲ್ಲ.

ಇಷ್ಟೆಲ್ಲ ಆಡಿದರೂ ಅವನ ಬಾಯಲ್ಲಿ ಬರುತ್ತಿದ್ದದ್ದು ಒಂದೇ ಗೋಲು, ಅದೂ ದಕ್ಕದ ಗೋಲು. ಮೊಹಲ್ಲಾದ ಫೈನಲ್‌ನಲ್ಲಿ ಇವನು ಒದ್ದ ಚೆಂಡನ್ನು ಎದುರು ತಂಡದಲ್ಲಿದ್ದ ಹಿಂದಿನ ಗಲ್ಲಿಯ ಶಂಬೆ ಗೋಲಿನ ಬಾಯಿಂದ ಹೊರಗೆ ತಳ್ಳಿದ್ದ. ಗೆರೆ ದಾಟಿತ್ತು ಎಂದು ಇವನು, ದಾಟಿರಲಿಲ್ಲ ಎಂದು ಅವನು. ರೆಫರಿ ಶಂಬೆಯ ಮಾತು ನಂಬಿದ. ಅಂದಿನಿಂದ ಇಬ್ಬರೂ ಒಂದೇ ಹೋಟೆಲಿನಲ್ಲಿ ಬೆನ್ನಿಗೆ ಬೆನ್ನು ಹಾಕಿ ಕುಳಿತು ಚಹಾ ಕುಡಿದರು.

ಕಳೆದ ಚಳಿಗಾಲದಲ್ಲಿ ಸಕ್ಕರೆ ಕಾಯಿಲೆ ಅದೇ ಬಲಗಾಲಿಗೆ ಇಳಿಯಿತು. ಹೆಬ್ಬೆರಳು ಕಪ್ಪಾಯಿತು, ಪಾದ ಬಾತುಕೊಂಡಿತು. ಮೊಣಕಾಲಿನ ಕೆಳಗೆ ತೆಗೆಯದಿದ್ದರೆ ಜೀವ ಉಳಿಯುವುದಿಲ್ಲ ಎಂದರು ವೈದ್ಯರು. ಅವನು ಕಾಗದಕ್ಕೆ ಸಹಿ ಹಾಕಲು ಒಪ್ಪಲಿಲ್ಲ.

"ಆಟ ಬಿಟ್ಟು ಮೂವತ್ತು ವರ್ಷ ಆಯ್ತಲ್ಲ ಮಾರಾಯ, ಇನ್ನೂ ಯಾಕೆ ಬೇಕು ಅದು?" ಎಂದೆ.

"ಕತ್ತರ್ಸಿದ್ದನ್ನ ಆಸ್ಪತ್ರೆ ಹಿಂದೆ ಎಲ್ಲೋ ಹೂತು ಹಾಕ್ತಾರೆ. ನಾಯಿ ಎಳ್ಕೊಂಡು ಹೋಗುತ್ತೆ. ನಾನು ಅಂತ ಏನಿದ್ರೂ ಆ ಕಾಲೇ ಕಣೇ."

"ಅದು ಹೋಗ್ಲಿಲ್ಲ ಅಂದ್ರೆ ನೀನೇ ಹೋಗ್ತೀಯ."

"ಹೋದ್ರೆ ಇಬ್ರೂ ಒಟ್ಟಿಗೇ ಹೋಗ್ತೀವಿ."

ನನಗೆ ಸಿಟ್ಟು ನೆತ್ತಿಗೇರಿತು. ನನ್ನನ್ನು ಬಿಟ್ಟು ಕಾಲಿನ ಜೊತೆ ಹೊರಟಿದ್ದನಲ್ಲ! ಎದ್ದು ಹೊರಗೆ ಹೊರಟವಳು ಬಾಗಿಲಲ್ಲೇ ನಿಂತೆ. ನಮ್ಮಲ್ಲಿ ಆಟಗಾರ ತೀರಿಕೊಂಡರೆ ನೇರ ಕಬರಸ್ತಾನಕ್ಕೆ ಒಯ್ಯುವುದಿಲ್ಲ. ಹಳೆಯ ಜೊತೆಗಾರರು ಹೆಣದ ಮಂಚವನ್ನು ಹೆಗಲಿಗೇರಿಸಿ ಮೈದಾನಕ್ಕೆ ಒಂದು ಸುತ್ತು ಬರುತ್ತಾರೆ. ಆಮೇಲೆ ಮಣ್ಣು.

"ಅದಕ್ಕೂ ಒಂದು ಸುತ್ತು ಹಾಕಿಸ್ತೀನಿ," ಎಂದೆ. "ಮಂಚದ ಮೇಲೇ. ಆಮೇಲೆ ನಿಮ್ಮಪ್ಪನ ಗೋರಿ ಪಕ್ಕ ಮಣ್ಣು ಮಾಡಿಸ್ತೀನಿ. ಈಗ ಸಹಿ ಹಾಕು."

ಅವನು ಕಾಗದ ಕೈಗೆ ತೆಗೆದುಕೊಂಡ.

"ಹಸಿರು ಕೋಟು ಹೊದಿಸ್ತೀಯಾ?"

"ಹೊದಿಸ್ತೀನಿ."

ಸಹಿ ಹಾಕಿದ.

ಮರುದಿನ ಬೆಳಿಗ್ಗೆ ಕಾಲು ತೆಗೆದರು, ಮಧ್ಯಾಹ್ನ ಮಂಚ ಮೈದಾನಕ್ಕೆ ಬಂತು. ಕಡಲ ಕಡೆಯಿಂದ ಗಾಳಿ ಬೀಸಿ ಧೂಳೆಲ್ಲ ಬಿಸಿಲಿಗೆ ಹೊಳೆಯುತ್ತಿತ್ತು. ದಿಂಬುಗಳ ನಡುವೆ ಬಿಳಿ ಬಟ್ಟೆಯ ಪುಟ್ಟ ಗಂಟು, ಮೇಲೆ ಕೋಟು. ಹೊಟ್ಟೆ ಬಂದ, ಕೂದಲು ಹೋದ ಎಂಟು ಜನ ಹೊತ್ತಿದ್ದರು. ಭಾರವೇ ಇರಲಿಲ್ಲ, ಆದರೂ ಯಾರೂ ಬೇಗ ನಡೆಯಲಿಲ್ಲ. ನಿದ್ದೆಯಲ್ಲಿ ನಡೆಯುವವರ ಹಾಗೆ ಒಂದೊಂದೇ ಹೆಜ್ಜೆ ಇಡುತ್ತಿದ್ದರು. ನಾನು ಹೆಂಗಸರ ಜೊತೆ ಗೋಲು ಕಂಬದ ಹತ್ತಿರ ನಿಂತು ನೋಡುತ್ತಿದ್ದೆ.

ಆಗ ಶಂಬೆ ಓಡಿಬಂದ. ಮೈದಾನದಲ್ಲಿ ಮಂಚ ಸುತ್ತುತ್ತಿದೆ ಎಂದು ಯಾರೋ ಹೇಳಿರಬೇಕು, ಕಾಲಿಗೆ ಚಪ್ಪಲಿಯೂ ಇರಲಿಲ್ಲ. ಮಂಜುಗಣ್ಣಿಗೆ ಹಸಿರು ಕೋಟಷ್ಟೇ ಕಂಡಿತು. ಯಾರಾದರೂ ಬಾಯಿ ಬಿಡುವ ಮೊದಲೇ ಗೋಲು ಕಂಬ ತಬ್ಬಿಕೊಂಡು ಗೊಳೋ ಎಂದು ಅತ್ತ.

"ದಿಲ್ಲೂ, ಚೆಂಡು ದಾಟಿತ್ತು ಕಣೋ! ಒಂದು ಗೇಣು ಒಳಗಿತ್ತು. ನಾನು ಸುಳ್ಳು ಹೇಳ್ದೆ. ಕೇಳಿಸ್ತೇನೋ, ಗೋಲು ನಿಂದೇ!"

ಮಂಚ ಹೊತ್ತವರು ನಿಂತುಬಿಟ್ಟರು.

"ಶಂಬೆ, ಅವನು ಬದುಕಿದಾನೆ," ಎಂದೆ. "ಇದು ಕಾಲು ಅಷ್ಟೇ."

ಅವನು ಕಣ್ಣು ಒರೆಸಿಕೊಂಡು ನನ್ನನ್ನೇ ನೋಡಿದ. "ಕಾಲಾ? ಹಂಗಾದ್ರೆ ನಾನೇನೂ ಹೇಳಿಲ್ಲ."

"ಇಡೀ ಮೈದಾನ ಕೇಳಿಸ್ಕೊಂಡಿದೆ. ಮೊದಲು ಮಣ್ಣು ಹಾಕು, ಆಮೇಲೆ ಸೀದಾ ಆಸ್ಪತ್ರೆಗೆ ಬಾ. ಬರ್ಲಿಲ್ಲ ಅಂದ್ರೆ ನಾನೇ ನಿನ್ನ ಬಾಗಿಲಿಗೆ ಬರ್ತೀನಿ."

ಬಂದ. ದಿಲ್‌ಮುರಾದ್ ಔಷಧಿಯ ಮಂಪರಿನಲ್ಲಿ ಅರೆಗಣ್ಣು ಮಾಡಿ ಮಲಗಿದ್ದ. ಶಂಬೆ ಮಂಚದ ಪಕ್ಕ ನಿಂತು ಟೋಪಿ ಹಿಂಡಿದ.

"ಚೆಂಡು ದಾಟಿತ್ತು," ಎಂದ. "ಒಂದು ನಾಲ್ಕು ಬೆರಳು."

"ಅಲ್ಲಿ ಗೇಣು ಅಂದ್ಯಲ್ಲ?" ಎಂದೆ.

"ಸರಿ ತಾಯಿ, ಗೇಣು."

ದಿಲ್‌ಮುರಾದನ ಮುಖ ನಿಧಾನವಾಗಿ ಅರಳಿತು. "ಗೊತ್ತಿತ್ತು ಕಣೋ," ಎಂದ. "ಹೋಗಿ ಚಹಾ ತಗೊಂಡ್ ಬಾ, ಇಬ್ರಿಗೂ." ಶಂಬೆ ಬಾಗಿಲು ದಾಟುವಷ್ಟರಲ್ಲಿ ನಿದ್ದೆ ಹೋದ.

ನಾನು ಅವನ ಮಂಚದ ಬಲಕ್ಕೆ ಕುಳಿತೆ. ಅಭ್ಯಾಸಬಲ, ಏಟು ತಪ್ಪಿಸಿಕೊಳ್ಳಲು ಕಾಲು ಹಿಂದಕ್ಕೆಳೆದುಕೊಂಡು ಕಾದೆ. ಮೊಣಕಾಲಿನ ಕೆಳಗೆ ಹೊದಿಕೆ ಚಪ್ಪಟೆಯಾಗಿತ್ತು, ಅಲುಗಲಿಲ್ಲ. ಇಷ್ಟು ವರ್ಷ ಬಾಯಿತುಂಬ ಬೈದವಳಿಗೆ ಈಗ ಅಳು ತಡೆಯಲಾಗಲಿಲ್ಲ.

"ಒಂದ್ಸಲ ಒದಿಯೋ ಮಾರಾಯ," ಎಂದೆ. ಅವನಿಗೆ ಕೇಳಿಸಲಿಲ್ಲ. ನಿದ್ದೆಯಲ್ಲಿ ನಗುತ್ತಿದ್ದ.