ಎಲೆಗೆ ಅಡ್ಡ ಹಿಡಿದ ಕೈ

ಪಂಕ್ತಿಯಲ್ಲಿ ಯಾರಾದರೂ ಸಾಕೆಂದು ಎಲೆಗೆ ಕೈ ಅಡ್ಡ ಹಿಡಿದರೆ, ದೇವೀರಪ್ಪನವರು ಆ ಕೈಯ ಮೇಲೆಯೇ ತುಪ್ಪ ಸುರಿಯುತ್ತಿದ್ದರು. ಅರಸೀಕೆರೆಯ ಈ ಕೊಬ್ಬರಿ ವರ್ತಕರಿಗೆ ಉಪಚಾರವೆಂಬುದು ಒಂದು ಬಗೆಯ ದಿಗ್ವಿಜಯ. ಅಂಗಿಯ ತೋಳನ್ನು ಮೊಣಕೈವರೆಗೆ ಮಡಿಚಿ, ಎಡಗಾಲನ್ನು ತುಸು ಎಳೆಯುತ್ತ, ಮಠದ ದಾಸೋಹವಿರಲಿ ಮದುವೆಯ ಊಟವಿರಲಿ, ಗಿಂಡಿ ಹಿಡಿದು ಅವರು ಸಾಲಿಗೆ ಇಳಿದರೆಂದರೆ ಮಧುಮೇಹಿಗಳೂ ಹೃದ್ರೋಗಿಗಳೂ ತಲೆ ತಗ್ಗಿಸುತ್ತಿದ್ದರು. "ಬಡಿಸ್ತಿರೋನು ಡಾಕ್ಟರಲ್ಲ, ನಾನು. ಉಣ್ರೀ!" ಎಲೆಗೆ ಬಿದ್ದುದೆಲ್ಲ ಪ್ರಸಾದ, ಉಳಿಸುವುದು ಅಪಚಾರವೆಂಬುದು ಮನೆತನದ ನಡೆ, ತಮ್ಮ ತಟ್ಟೆಯನ್ನಂತೂ ತೊಳೆದು ಆ ನೀರನ್ನೂ ಕುಡಿಯುವವರು.

ಕಳೆದ ಶ್ರಾವಣದಲ್ಲಿ ಕಲ್ಲು ತುಂಬಿದ್ದ ಅವರ ಪಿತ್ತಕೋಶವನ್ನು ತೆಗೆದುಹಾಕಿದರು. ಜಿಡ್ಡು ಕಡಿಮೆ ಮಾಡಿ, ಸ್ವಲ್ಪ ಸ್ವಲ್ಪವಾಗಿ ಹಲವು ಸಲ ಉಣ್ಣಿ ಎಂದರು ವೈದ್ಯರು. ಹೆಂಡತಿ ಅನುಸೂಯಮ್ಮ ಮೆತ್ತಗಿನ ಅನ್ನ, ಒಗ್ಗರಣೆಯಿಲ್ಲದ ಹೆಸರುಬೇಳೆ ತೊವ್ವೆ, ಬೇಯಿಸಿದ ಪಡುವಲಕಾಯಿ, ಕೆನೆ ತೆಗೆದ ಮಜ್ಜಿಗೆ ಎಂದು ಹದವರಿತು ಬಡಿಸಿದರು, ದೇಹ ಚೇತರಿಸಿಕೊಂಡಿತು.

ಎರಡು ತಿಂಗಳಿಗೆ ಹಾರನಹಳ್ಳಿಯಲ್ಲಿ ಮಗಳು ಲತಾಮಣಿಯ ಅತ್ತೆಮನೆಯವರ ಗೃಹಪ್ರವೇಶ. ಒಬ್ಬಟ್ಟಿನ ಮೇಲೆ ತುಪ್ಪ ಬರುವಾಗ ದೇವೀರಪ್ಪನವರು, ಜೀವಮಾನದಲ್ಲಿ ಮೊದಲ ಬಾರಿಗೆ, ಎಲೆಗೆ ಕೈ ಅಡ್ಡ ಹಿಡಿದರು.

"ನನ್ನ ಶುಗರಿಗೆ ನೀವೇನಾದ್ರೂ ರಿಯಾಯಿತಿ ಕೊಟ್ಟಿದ್ರಾ ಬೀಗರೇ?" ಎನ್ನುತ್ತ ಬೀಗರು ಇಂದುಧರಪ್ಪ ಆ ಕೈಯ ಮೇಲೆಯೇ ಸುರಿದರು. ಇಡೀ ಪಂಕ್ತಿ ನಕ್ಕಿತು.

"ಆಪರೇಷನ್ ಆಗೈತೆ ಕಣ್ರೀ, ನಿಜವಾಗ್ಲೂ ಬೇಡ."

ಬಾಗಿಲಲ್ಲಿದ್ದ ಬೀಗಿತಿ ಸೊಸೆಯತ್ತ ತಿರುಗಿದಳು. "ನಮ್ಮನೆ ತುಪ್ಪ ನಿಮ್ಮಪ್ಪನಿಗೆ ಒಗ್ಗಲ್ವೇನಮ್ಮ?"

ಲತಾಮಣಿ ತಲೆ ತಗ್ಗಿಸಿದಳು. ಅದನ್ನು ಕಂಡ ದೇವೀರಪ್ಪನವರು ಮೂರು ಒಬ್ಬಟ್ಟನ್ನೂ ತುಪ್ಪದ ಕೊನೆಯ ಹನಿಯವರೆಗೆ ಬಳಿದು ಉಂಡರು. ಅರ್ಧ ಗಂಟೆಯಲ್ಲಿ ಹಿತ್ತಲ ಗೋಡೆ ಹಿಡಿದು, ಬೆವರಿನಲ್ಲಿ ತೊಯ್ದು, ಹೊಟ್ಟೆ ಅವುಚಿ ಕುಕ್ಕರಿಸಿದ್ದರು.

"ಗಟ್ಟಿಯಾಗಿ ಬೇಡ ಅನ್ನೋಕೆ ಏನಾಗಿತ್ತು ಅಪ್ಪಾಜಿ?"

"ಅಂದೆ ಕಣವ್ವ. ಯಾರ್ ಕೇಳ್ತಾರೆ?"

ಅಂದಿನಿಂದ ಅವರು ಯಾರ ಮನೆಗೂ ಉಣ್ಣಲು ಹೋಗಲಿಲ್ಲ. ಆರೋಗ್ಯವೇನೋ ಗಟ್ಟಿಯಾಗಿದೆ; ಆದರೆ ಇದು ಸಿರಿವಂತಿಕೆಯ ಸೊಕ್ಕು ಎಂದು ಊರು ಆಡಿಕೊಳ್ಳುತ್ತದೆ, ಬೀಗರ ಕಡೆಯಿಂದ ಹಬ್ಬದ ಕರೆಯೂ ನಿಂತಿದೆ.

ಹಸಿದವನಿಗೆ ಉಣಿಸುವುದು ಧರ್ಮವೆಂದು ಬಲ್ಲ ಇಂಥ ಜನ, ತಣಿದವನ ಮಾತನ್ನು ನಂಬುವುದೂ ಧರ್ಮವೆಂದು ಎಲ್ಲಿಯೂ ಕಲಿಯಲಿಲ್ಲ. ಸ್ವಂತ ಒಡಲೇ ಅದನ್ನು ಕಲಿಸುವ ಹೊತ್ತಿಗೆ, ಅವರು ಪಂಕ್ತಿ ಬಿಟ್ಟು ಎದ್ದಾಗಿರುತ್ತದೆ.