ಅತಿಥಿಯ ಅಪ್ಪಣೆ

ತಾನುಷ್ ಸೋದರಳಿಯನ ಗಲ್ಲ ಹಿಡಿದು ಬಾಯಿ ತೆರೆಸಿದ. ಕುದುರೆ ಕೊಳ್ಳಲು ಬಂದವನ ಹಾಗೆ ಮೇಲಿನ ಸಾಲು ನೋಡಿದ, ಕೆಳಗಿನ ಸಾಲು ನೋಡಿದ, ಆಮೇಲೆ ಬೆರಳನ್ನು ಹಿಂದಕ್ಕೆಳೆದುಕೊಂಡ. ತಡವಾಗಿತ್ತು. ಮರೀನ್ ಕಚ್ಚಿಯಾಗಿತ್ತು.

"ಹಾಲು ಕುಡಿಯೋ ಕೂಸಿಗೆ ಹಲ್ಲು ಚೆನ್ನಾಗೇ ಬಂದಿದೆ," ಎಂದ ತಾನುಷ್, ಬೆರಳು ಒರೆಸಿಕೊಳ್ಳುತ್ತ.

"ನಮ್ಮ ಮನೆತನದಲ್ಲಿ ಹಲ್ಲು ಬೇಗ ಬೀಗರೇ," ಎಂದಳು ಹುಡುಗನ ಅಜ್ಜಿ ಯೆಲೇನ. "ಬುದ್ಧಿ ಸ್ವಲ್ಪ ತಡ."

ಗೋಡೆಗೆ ಒರಗಿ ನಿಂತಿದ್ದ ಹುಡುಗನ ತಾಯಿ ದ್ರಾನ ಅಣ್ಣನ ಕಡೆಗೂ ನೋಡಲಿಲ್ಲ, ಅತ್ತೆಯ ಕಡೆಗೂ ನೋಡಲಿಲ್ಲ. ಅವಳ ಗಂಡ, ಈ ಕೋಟೆಯ ದೊರೆ, ತುರ್ಕರೊಡನೆ ಕಾದಾಡಿ ಸತ್ತು ಮೂರು ಚಳಿಗಾಲ ಕಳೆದಿದ್ದವು. ಗಂಡ ಸತ್ತ ಹೆಣ್ಣು ತವರಿಗೆ ಸೇರಿದವಳು, ಮಗ ಗಂಡನ ವಂಶಕ್ಕೆ ಸೇರಿದವನು, ಅದರಲ್ಲಿ ಚರ್ಚೆಯಿಲ್ಲ. ಮಗು ಮೊಲೆ ಬಿಡುವ ತನಕ ತಾಯಿಯನ್ನು ಕರೆದೊಯ್ಯುವಂತಿಲ್ಲ, ಅದರಲ್ಲೂ ಚರ್ಚೆಯಿಲ್ಲ. ಹೀಗಾಗಿ ಮರೀನ್ ಮೊಲೆ ಬಿಟ್ಟಿರಲಿಲ್ಲ. ಅವನು ಕತ್ತೆ ಸವಾರಿ ಮಾಡುತ್ತಿದ್ದ, ಬೇಟೆನಾಯಿಗಳನ್ನು ಹೆಸರು ಹಿಡಿದು ಬೈಯುತ್ತಿದ್ದ, ಒಣಮಾಂಸ ಅಗಿಯುತ್ತಿದ್ದ. ಸಂಜೆಯಾದರೆ ಮಾತ್ರ ಬಂದು, ಉದ್ದ ಕಾಲುಗಳನ್ನು ಹೇಗೋ ಮಡಚಿ ತಾಯಿಯ ಮಡಿಲು ಸೇರುತ್ತಿದ್ದ. ಅದನ್ನು ಕಂಡಾಗಲೆಲ್ಲ ಕೋಟೆಯ ಪಾದ್ರಿಗೆ ಆಕಾಶದಲ್ಲಿ ಏನೋ ಕೆಲಸವಿರುತ್ತಿತ್ತು.

ಯೆಲೇನಳಿಗೂ ಸೊಸೆಗೂ ಮದುವೆಯ ದಿನದಿಂದಲೇ ಆಗಿಬಂದಿರಲಿಲ್ಲ. ಕಡಲ ಕಡೆಯವಳು, ಮೈಯಲ್ಲಿ ಓಡುವುದು ಮೀನಿನ ರಕ್ತ ಎಂದು ಮುದುಕಿ ಎಲ್ಲರೆದುರೇ ಹೇಳಿದ್ದಳು. ಮಗ ಸತ್ತ ಮೇಲೆ, ಕುರಿಹಾಲಿನಲ್ಲಿ ಬೇಯಿಸಿದ ಬಾರ್ಲಿ ಗಂಜಿಯನ್ನು ದಿನಾ ತಾನೇ ತಂದು ಸೊಸೆಯ ಮುಂದಿಡುತ್ತಿದ್ದಳು. "ಕುಡಿ. ಎದೆ ಬತ್ತಿದ್ರೆ ನಿಮ್ಮಣ್ಣ ವಾಸನೆ ಹಿಡಿದು ಬರ್ತಾನೆ." ಅವರಿಬ್ಬರ ನಡುವಿನ ಪ್ರೀತಿಯ ಮಾತು ಅಷ್ಟೇ.

ಈಗ ಅಣ್ಣ ಬಂದಿದ್ದ. ತಂಗಿಗೆಂದು ತೀರದ ಉಪ್ಪಿನ ಗದ್ದೆಗಳ ಒಡೆಯನೊಬ್ಬನನ್ನು ಗೊತ್ತುಮಾಡಿಯೂ ಬಂದಿದ್ದ. ಅವನು ಆಗಲೇ ಇಬ್ಬರು ಹೆಂಡಿರನ್ನು ಮಣ್ಣು ಮಾಡಿದವನು.

"ಅವನ ಹತ್ರ ಕುದುರೆ ಸವಾರರಿದ್ದಾರೆ, ದ್ರಾನ. ತುರ್ಕರು ಕಣಿವೆಗೆ ಇಳಿದ್ರೆ ನನ್ನ ಕೋಟೆ ಉಳಿಯಲ್ಲ, ನಿನ್ನ ಮಗನದ್ದೂ ಉಳಿಯಲ್ಲ. ನನಗೇನು ಇದು ಖುಷೀನಾ?"

"ಮಗು ಇನ್ನೂ ಬಿಟ್ಟಿಲ್ಲ, ಅಣ್ಣ."

"ಹೌದೌದು. ಮೀಸೆ ಬಂದ ಮೇಲೆ ಬಿಡ್ತಾನೆ."

ಊಟದ ಹೊತ್ತಿಗೆ ಮರೀನ್ ಯಜಮಾನನ ಜಾಗದಲ್ಲಿ, ಮೂರು ದಿಂಬುಗಳ ಮೇಲೆ ಕೂತ. ತಾನುಷನ ಜನ ಸುತ್ತ ಕೂತರು. ಹೆಂಗಸರು ಗೋಡೆಯ ಬಳಿ ನಿಂತರು. ತಾನುಷ್ ಮರದ ಬಟ್ಟಲೊಂದರಲ್ಲಿ ಹಾಲು ತುಂಬಿಸಿ ಹುಡುಗನ ಮುಂದೆ ಬಹಳ ಗೌರವದಿಂದ ಇಟ್ಟ.

"ಯಜಮಾನರಿಗೆ ಹಾಲು. ಗಂಡಸರಿಗೆ ಹೆಂಡ ಬರಲಿ."

ಜನ ಮೆಲ್ಲನೆ ನಕ್ಕರು. ಮರೀನನ ಕಿವಿ ಕೆಂಪಾದವು.

"ನಾನು ಹಾಲು ಕುಡಿಯಲ್ಲ."

"ಕುಡಿಯಲ್ವಾ? ಇನ್ನೂ ಬಿಟ್ಟಿಲ್ಲ ಅಂದ್ಲಲ್ಲ ನಿಮ್ಮಮ್ಮ?"

"ಮರೀನ್," ಎಂದಳು ದ್ರಾನ.

"ಬಿಟ್ಟಿದೀನಿ. ನಾನು ಗಂಡಸು."

"ಯಾವಾಗ ಬಿಟ್ಟೆ?"

ಹುಡುಗ ಯೋಚಿಸಿದ. "ಈಗ," ಎಂದ. ಹೇಳಿ, ಮೆಚ್ಚುಗೆಗಾಗಿ ತಾಯಿಯ ಕಡೆ ತಿರುಗಿದ. ಗಂಡಸು ಆಡಿದ ಮಾತನ್ನು ನುಂಗುವುದಿಲ್ಲ, ನಿಮ್ಮಪ್ಪ ನುಂಗಿದವನಲ್ಲ ಎಂದು ದಿನಾ ಮಡಿಲಲ್ಲಿ ಮಲಗಿಸಿಕೊಂಡು ಕಲಿಸಿದವಳು ಅವಳೇ.

"ಕೂಸಿನ ಮಾತು, ಬೀಗರೇ," ಎಂದಳು ಯೆಲೇನ. ಆಕೆಯ ದನಿಯಲ್ಲಿ ಯಾಚನೆಯನ್ನು ಆ ಮನೆಯವರು ಹಿಂದೆ ಕೇಳಿರಲಿಲ್ಲ.

"ಯಜಮಾನನ ಜಾಗದಲ್ಲಿ ಕೂತು ಆಡಿದ ಮಾತು, ಅಮ್ಮ." ತಾನುಷ್ ಈಗ ನಗುತ್ತಿರಲಿಲ್ಲ. ಗೆದ್ದವನು ರೊಟ್ಟಿಯನ್ನು ಮುರಿದ, ತಿನ್ನಲಿಲ್ಲ.

ಆ ಸಂಜೆ ಮರೀನ್ ಅಭ್ಯಾಸಬಲದಿಂದ ತಾಯಿಯ ತನಕ ಬಂದ. ಅರ್ಧ ಬಗ್ಗಿದವನು ನೆನಪಾಗಿ ನಿಂತ. ಆಮೇಲೆ ಹೋಗಿ ಅಜ್ಜಿಯ ಪಕ್ಕದಲ್ಲಿ, ಗೋಡೆಗೆ ಮುಖಮಾಡಿ ಮಲಗಿದ.

ಬೆಳಿಗ್ಗೆ ಹೊರಡುವಾಗ ಯೆಲೇನ ಸೊಸೆಯ ಮೇಲಂಗಿಯ ಕಸೆಯನ್ನು ತಾನೇ ಬಿಗಿದು ಕಟ್ಟಿದಳು. ಒಮ್ಮೆ ಬಿಚ್ಚಿ ಮತ್ತೆ ಕಟ್ಟಿದಳು.

"ಅಲ್ಲಿ ಬರೀ ಮೀನು ತಿಂತಾ ಕೂತ್ಕೋಬೇಡ," ಎಂದಳು.

ಹೊರಟ ಅತಿಥಿಯನ್ನು ಮನೆಯ ಯಜಮಾನ ದಾರಿಯವರೆಗೆ ಕಳಿಸಿಕೊಡಬೇಕು. "ಇನ್ನು ಸಾಕು, ಮರಳಿ" ಎಂದು ಅತಿಥಿ ಅಪ್ಪಣೆ ಕೊಡುವ ತನಕ ಯಜಮಾನ ಬೆನ್ನು ತಿರುಗಿಸುವಂತಿಲ್ಲ. ನಿನ್ನೆಯವರೆಗೆ ದ್ರಾನ ಆ ಮನೆಯ ತಾಯಿ, ಇಂದು ಅತಿಥಿ. ಕೋಟೆಯ ಮುದಿ ಸವಾರ ವೂಕ್ ಹುಡುಗನನ್ನು ತನ್ನ ಮುಂದೆ ಕೂರಿಸಿಕೊಂಡ.

ಎಲ್ಲ ಅತಿಥಿಗಳೂ ಅಪ್ಪಣೆ ಕೊಡುವುದು ಹಿಪ್ಪುನೇರಳೆ ಮರದ ಬಳಿ. ಮರ ಬಂತು, ಹಿಂದೆ ಸರಿಯಿತು. ದ್ರಾನ ಬಾಯಿ ಬಿಡಲಿಲ್ಲ. ನೀರಿನ ಗಿರಣಿ ದಾಟಿತು. ಹೊಳೆಯೂ ದಾಟಿತು.

"ಅಮ್ಮ, ನೆಟ್ಟಗೆ ಕೂತಿದೀನಾ?"

"ನೆಟ್ಟಗೆ ಕೂತಿದೀಯ."

"ಮಾವನ್ನ ಕಳಿಸಿ ವಾಪಸ್ ಹೋಗೋವಾಗ ನಾನು ನಿನ್ನ ಕುದುರೆ ಮೇಲೆ ಬರ್ತೀನಿ. ವೂಕಜ್ಜ ಬೆಳ್ಳುಳ್ಳಿ ವಾಸನೆ."

ವೂಕ್ ಕೆಮ್ಮಿ ಬೆಟ್ಟದ ಕಡೆ ನೋಡಿದ. ದ್ರಾನ "ಹೂಂ" ಎಂದಳು.

"ಹೇಳಿಬಿಡು, ದ್ರಾನ," ಎಂದ ತಾನುಷ್ ಸ್ವಲ್ಪ ಹೊತ್ತಿನ ಮೇಲೆ. "ಹುಡುಗನಿಗೆ ಬಿಸಿಲು."

"ಹೇಳ್ತೀನಿ."

"ಇಲ್ಲಿಂದ ನನ್ನ ನೆಲ. ಇನ್ನೂ ಎಷ್ಟು ದೂರ ಅಂತ ಬರ್ತಾನೆ ಅವನು?"

ತಾನುಷ್ ತನ್ನ ಜನರನ್ನು ಕರೆದುಕೊಂಡು ಮುಂದೆ ಹೋದ. ಇಳಿಜಾರಿನಲ್ಲಿ ಮರೀನನ ತಲೆ ಒಮ್ಮೆ ತೂಗಿತು, ಇನ್ನೊಮ್ಮೆ ತೂಗಿತು, ಕೊನೆಗೆ ವೂಕನ ತೋಳಿಗೆ ಒರಗಿತು. ದ್ರಾನ ಕುದುರೆಯನ್ನು ಪಕ್ಕಕ್ಕೆ ತಂದಳು. ಮಗ ಪೂರಾ ನಿದ್ದೆಹೋಗುವ ತನಕ ಕಾದಳು.

"ಇನ್ನು ಸಾಕು. ಮರಳಿ, ಒಡೆಯರೇ," ಎಂದಳು. ದನಿ ವೂಕನಿಗೂ ಸರಿಯಾಗಿ ಕೇಳಿಸಲಿಲ್ಲ.

"ಎಬ್ಬಿಸಲಾ, ತಾಯಿ?"

ಬೇಡವೆಂದು ತಲೆಯಾಡಿಸಿದಳು. ಅತಿಥಿ ಮುಂದೆ ಹೋಗದೆ ಯಜಮಾನನ ಕುದುರೆ ತಿರುಗುವಂತಿಲ್ಲವೆಂದು ವೂಕ್ ಕಾದು ನಿಂತ. ದ್ರಾನ ಲಗಾಮು ಎತ್ತಲಿಲ್ಲ. ಎರಡು ಕುದುರೆಗಳೂ ಸ್ವಲ್ಪ ಹೊತ್ತು ನೋಡಿ, ತಲೆ ತಗ್ಗಿಸಿ, ದಾರಿಯಂಚಿನ ಒಂದೇ ಹುಲ್ಲಿಗೆ ಬಾಯಿ ಹಾಕಿದವು.